ಗೊರಾಟಾಳ ಬಲಮಂಡಿ

ಮಧ್ಯಾಹ್ನವಾಗುವಷ್ಟರಲ್ಲಿ ಗೊರಾಟಾಳ ಬಲಮಂಡಿ ಊದಿಕೊಂಡು ಪ್ಯಾಂಟು ಬಿಗಿಯುತ್ತಿತ್ತು. ಸೂಪರ್‌ಮಾರ್ಕೆಟ್ಟಿನ ಗಲ್ಲಾದಲ್ಲಿ ಕೂತು ಕೆಲಸ ಮಾಡುವಂತಿಲ್ಲ. ಕೂತರೆ ಗಿರಾಕಿಗಳಿಗೆ ಅಗೌರವವಂತೆ. ಮೀನಿನ ಪೆಟ್ಟಿಗೆಯಿಂದ ಒಂದಿಷ್ಟು ಐಸು ತಂದು, ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ ಮಂಡಿಗೆ ಕಟ್ಟಿಕೊಂಡಿದ್ದಳು. ಅದು ಕರಗಿ ಶೂ ಒಳಗೆ ಇಳಿಯುತ್ತಿತ್ತು. ಅವಳ ಬೆನ್ನ ಹಿಂದಿನ ಗೋಡೆಯ ಮೇಲೆ, ಹಿಟ್ಟಿನ ಮೂಟೆಗಳಿಗಿಂತ ಎತ್ತರಕ್ಕೆ, ಅವಳದೇ ಚಿತ್ರ. ಬಿಳಿ ಕರಾಟೆ ಉಡುಪು, ಕೊರಳಲ್ಲಿ ಚಿನ್ನದ ಪದಕ, ಹೆಗಲ ಮೇಲೆ ಬೋಟ್ಸ್ವಾನಾದ ಬಾವುಟ. ಕೆಳಗೆ ‘ಆಫ್ರಿಕಾದ ರಾಣಿ ಉಣ್ಣುವ ಹಿಟ್ಟು’ ಎಂದು ಬರೆದಿತ್ತು. ಆ ಹಿಟ್ಟು ಅವಳ ಮನೆಗೆ ಒಮ್ಮೆಯೂ ಬಂದಿರಲಿಲ್ಲ.

“ಏನೇ ಚಾಂಪಿಯನ್, ಇವತ್ತು ಕೈಯೇ ಓಡ್ತಿಲ್ಲ?” ಎಂದಳು ಸಾಲಿನಲ್ಲಿದ್ದ ಮುದುಕಿ.

“ಕೈ ನೆಟ್ಟಗಿದೆ ಅಜ್ಜಿ, ಓಡದೇ ಇರೋದು ಕಾಲು. ಕೈ ನೋಡ್ಬೇಕು ಅಂದ್ರೆ ಹತ್ತಿರ ಬಾ, ತೋರಿಸ್ತೀನಿ.”

ಸಾಲು ನಕ್ಕಿತು. ಗೊರಾಟಾ ನಗಲಿಲ್ಲ.

ಹಿಂದಿನ ವರ್ಷ ಆಫ್ರಿಕಾ ಚಾಂಪಿಯನ್‌ಷಿಪ್‌ನ ಸೆಮಿಫೈನಲ್ಲಿನಲ್ಲಿ ಆ ಮಂಡಿ ತಿರುಚಿಕೊಂಡಿತ್ತು. ಒಳಗೆ ಏನೋ ಹರಿದ ಸದ್ದು ಅವಳಿಗೇ ಕೇಳಿಸಿತ್ತು. ಆ ಪಂದ್ಯ ಹೇಗೋ ಗೆದ್ದಳು. ಆದರೆ ಚಾಪೆಯಿಂದ ಇಳಿಯುವಾಗ ಕಾಲು ನೆಲಕ್ಕೆ ಊರಲಾಗಲಿಲ್ಲ. ಅವಳ ಗುರು ಡಿಟಿರೊ ಹಿಂದೆ ತಾಮ್ರದ ಗಣಿಯಲ್ಲಿ ದುಡಿದವನು. ಮೈ ಮುರಿಯುವ ಅಂಥ ಸದ್ದುಗಳು ಅವನಿಗೆ ಗೊತ್ತಿದ್ದವು. “ಸಾಕು ಮಗಾ. ಫೈನಲ್ ಬೇಡ, ಬೆಳ್ಳಿ ತಗೊಂಡು ಮನೆಗೆ ಹೋಗೋಣ” ಎಂದ.

ಅಷ್ಟರಲ್ಲಿ ದೇಶದ ಕರಾಟೆ ಸಂಘದ ಅಧ್ಯಕ್ಷ ಮೊಲಾಪಿಸಿ ಗ್ಯಾಲರಿಯಿಂದ ಇಳಿದು ಬಂದ. ಕೋಟಿನ ಗುಂಡಿ ಹಾಕಿಕೊಳ್ಳುತ್ತಲೇ ಹೇಳಿದ: “ಇಡೀ ದೇಶ ನೋಡ್ತಿದೆ ತಾಯಿ. ಒಂದು ಇಂಜೆಕ್ಷನ್ ಹಾಕಿಸ್ತೀನಿ, ನಿಂತ್ಕೊ. ಮಿಕ್ಕಿದ್ದು ನನಗೆ ಬಿಡು. ಊರಿಗೆ ಹೋದ ಮರುದಿನವೇ ಆಪರೇಷನ್.”

ಅವಳು ನಿಂತಳು. ಒಂದು ಕಾಲನ್ನು ಎಳೆದುಕೊಂಡೇ, ಬರೀ ಮುಷ್ಟಿಯ ಬಲದಿಂದ ಚಿನ್ನ ಗೆದ್ದಳು. ವಿಮಾನ ನಿಲ್ದಾಣದಲ್ಲಿ ಹೆಂಗಸರು ನಾಲಿಗೆ ಹೊರಳಿಸಿ ಹರ್ಷದ ಕೂಗು ಹಾಕಿದರು. ಮೊಲಾಪಿಸಿ ಅವಳ ಪದಕ ತನ್ನ ಕೊರಳಿಗೆ ಹಾಕಿಕೊಂಡು ಫೋಟೊ ತೆಗೆಸಿಕೊಂಡ. ಮರುದಿನ ಬಂತು, ಹೋಯಿತು. ಡಾಕ್ಟರು ರಜೆಯಲ್ಲಿದ್ದಾರೆ ಎಂದರು. ಹಾಸಿಗೆ ಖಾಲಿಯಿಲ್ಲ ಎಂದರು. ಮುಂದಿನ ತಿಂಗಳು ನೋಡೋಣ ಎಂದರು. ಆಮೇಲೆ ಏನೂ ಅನ್ನಲಿಲ್ಲ.

ವರ್ಷ ತುಂಬಿದ ಮೇಲೆ ಮೊಲಾಪಿಸಿಯೇ ಅವಳ ಗಣಿಯೂರು ಸೆಲೆಬಿ-ಫಿಕ್ವೆಗೆ ಬರುತ್ತಾನೆಂದು ಸುದ್ದಿ ಬಂತು. ಅಂಗಳದಲ್ಲಿ ಹುರಿದು ತಿನ್ನುವ ಫಾನೆ ಹುಳು ಒಣಗಿಸುತ್ತಿದ್ದ ಅವ್ವ ಎದ್ದು ನಿಂತಳು. ಅವಳ ಸ್ವಂತ ಹೆಸರು ಊರಲ್ಲಿ ಯಾರಿಗೂ ನೆನಪಿರಲಿಲ್ಲ. ಎಲ್ಲರಿಗೂ ಅವಳು ಮ್ಮಾಗೊರಾಟಾ, ಗೊರಾಟಾಳ ತಾಯಿ.

“ನೋಡ್ದಾ? ದೊಡ್ಡ ಮನುಷ್ಯರಿಗೆ ತಡವಾದ್ರೂ ನೆನಪಾಗುತ್ತೆ. ಆಪರೇಷನ್ ವಿಷಯಕ್ಕೇ ಬರ್ತಿರೋದು.”

“ಕ್ಯಾಮೆರಾ ತರ್ತಾರಂತೆ ಅವ್ವ. ಡಾಕ್ಟರನ್ನ ತರ್ತಾರೆ ಅಂತ ಯಾರೂ ಹೇಳ್ಲಿಲ್ಲ.”

ಮೊಲಾಪಿಸಿ ಬಂದ. ಅವ್ವ ಹುರಿದಿಟ್ಟಿದ್ದ ಫಾನೆಯನ್ನು ಹಿಡಿ ಹಿಡಿಯಾಗಿ ತಿಂದ. ರಾಜಧಾನಿಯಲ್ಲಿ ಈ ರುಚಿ ಎಲ್ಲಿ ಸಿಗುತ್ತದೆ ಎಂದು ಬೆರಳು ನೆಕ್ಕಿದ. ಜೊತೆಗೆ ಅವನ ತಂಗಿಯ ಮಗಳು ಬೊಕಾಂಗ್ ಬಂದಿದ್ದಳು. ಹತ್ತೊಂಬತ್ತರ ಹುಡುಗಿ, ಕರಾಟೆಯ ಕಪ್ಪು ಪಟ್ಟಿ, ತಗ್ಗಿಸಿದ ತಲೆ. ಗೊರಾಟಾ ಆಡುತ್ತಿದ್ದ ತೂಕದ ವಿಭಾಗವೇ ಅವಳದೂ.

ಮೊಲಾಪಿಸಿ ಗೊರಾಟಾಳನ್ನು ಕಾರಿನ ಪಕ್ಕಕ್ಕೆ ಕರೆದ.

“ವಿಶ್ವ ಚಾಂಪಿಯನ್‌ಷಿಪ್‌ಗೆ ಬೊಕಾಂಗ್ ಹೋಗ್ತಾಳೆ. ನೀನು ಸಂಜೆ ಕ್ಯಾಮೆರಾ ಮುಂದೆ ಎರಡು ಮಾತಾಡು. ನನಗೇ ಸಾಕು ಅನ್ನಿಸ್ತು, ಖುಷಿಯಿಂದ ಬಿಟ್ಟೆ, ಈ ಹುಡುಗಿಗೆ ಒಳ್ಳೇದಾಗಲಿ ಅಂತ. ಅಷ್ಟೇ.”

“ಆಪರೇಷನ್?”

“ಆಟ ಬಿಟ್ಟವಳಿಗೆ ಆಪರೇಷನ್ ಯಾಕಮ್ಮ? ನಡೆದಾಡ್ತೀಯಲ್ಲ?”

ಗೊರಾಟಾ ಮೈಭಾರವನ್ನು ಎಡಗಾಲಿಗೆ ಹಾಕಿ ನೆಟ್ಟಗೆ ನಿಂತಳು.

“ಆಯ್ಕೆ ಪಂದ್ಯ ಇಡಿ ಸಾರ್. ಬೊಕಾಂಗ್ ನನ್ನ ಸೋಲಿಸಲಿ. ಆಗ ನಾನೇ ಹೇಳ್ತೀನಿ.”

“ಈ ಮಂಡಿ ಇಟ್ಕೊಂಡು ಆಡ್ತೀಯಾ?”

“ಚಿನ್ನ ತರೋವಾಗ ನಿಮಗೆ ಈ ಮಂಡಿಯೇ ಆಗಿತ್ತಲ್ಲ.”

“ನಾಲಿಗೆ ಉದ್ದ ಆಯ್ತು ನಿಂದು” ಎಂದು ಅವನು ಕಾರಿನ ಬಾಗಿಲು ದಡಾರನೆ ಹಾಕಿದ. ಅವಳು ಹೆದರಿದಳೆಂದೇ ತಿಳಿದುಕೊಂಡ.

ಸಂಜೆ ಗಣಿಯ ಹಳೆಯ ಕ್ಲಬ್ಬಿನಲ್ಲಿ ಜನ ತುಂಬಿದ್ದರು. ಡಿಟಿರೊ ಅಲ್ಲೇ ಮಕ್ಕಳಿಗೆ ಕರಾಟೆ ಕಲಿಸುತ್ತಿದ್ದ. ಗಣಿ ಮುಚ್ಚಿ ಕೆಲಸ ಕಳೆದುಕೊಂಡಿದ್ದ ಅಪ್ಪಂದಿರು ಹಿಂದೆ ಗೋಡೆಗೆ ಒರಗಿ ನಿಂತಿದ್ದರು. ಕ್ಯಾಮೆರಾ ದೀಪ ಹೊತ್ತಿತು. ಮೊಲಾಪಿಸಿ ನಗುನಗುತ್ತಾ ಮೈಕು ಕೊಟ್ಟ.

“ನಾನು ಆಟ ಬಿಟ್ಟಿಲ್ಲ” ಎಂದಳು ಗೊರಾಟಾ. “ನನ್ನ ಮಂಡಿ ಹರಿದಿದೆ. ಹರಿದಿದೆ ಅಂತ ಗೊತ್ತಿದ್ದೇ ಸೂಜಿ ಚುಚ್ಚಿಸಿ ನಿಲ್ಲಿಸಿದ್ರು. ಮರುದಿನ ಆಪರೇಷನ್ ಅಂದ್ರು. ಈಗ ನಡೆದಾಡ್ತೀಯಲ್ಲ, ಸಾಕು ಅಂತಿದ್ದಾರೆ.”

ದೀಪ ಆರಿತು. ಮೊಲಾಪಿಸಿ ಮೈಕು ಕಿತ್ತುಕೊಂಡ. “ಹುಡುಗಿಗೆ ಬೇಜಾರಾಗಿದೆ, ಸಹಜ. ಸಂಘ ಅವಳನ್ನ ಕೈಬಿಡಲ್ಲ.”

ಹಿಂದಿನಿಂದ ಯಾರೋ ಕೂಗಿದರು: “ಗಣಿ ಮುಚ್ಚಿದಾಗ ನಮಗೂ ಇದನ್ನೇ ಹೇಳಿದ್ರಪ್ಪೋ! ಆಗ್ಲೂ ಮೈಕು ಇತ್ತು!”

ಮೊಲಾಪಿಸಿ ಮಕ್ಕಳ ಕಡೆ ತಿರುಗಿ, ಆಟ ತೋರಿಸಿ ಎಂದು ಗದರಿದ. ಮಕ್ಕಳು ಡಿಟಿರೊನ ಮುಖ ನೋಡಿದರು. ಡಿಟಿರೊ ಸೂರು ನೋಡುತ್ತಾ ನಿಂತಿದ್ದ. ಒಂದು ಮಗುವೂ ಅಲುಗಲಿಲ್ಲ.

ಟೀವಿಯಲ್ಲಿ ಬಂದದ್ದು ಮಾತ್ರ ಬೇರೆಯೇ. ಸಂಜೆ ಕ್ಲಬ್ಬಿಗೆ ಬರುವಾಗ ಬಾಗಿಲಲ್ಲಿ ಗೊರಾಟಾ ಬೊಕಾಂಗಳ ಕೈ ಕುಲುಕಿದ್ದನ್ನು ತೋರಿಸಿ, ಚಾಂಪಿಯನ್ ಸಂತೋಷದಿಂದ ನಿವೃತ್ತಿಯಾದಳೆಂದು ಹೇಳಿದರು. ಅದೇ ವಾರ ಕ್ಲಬ್ಬಿಗೆ ಹೊಸ ಬೀಗ ಬಿತ್ತು. ಅಂಗಡಿಯ ಗೋಡೆಯಿಂದ ಅವಳ ಚಿತ್ರ ಇಳಿಯಿತು. ಮಕ್ಕಳು ಗಣಿಯ ಕಪ್ಪು ಗುಡ್ಡೆಯ ಪಕ್ಕದ ಬಯಲಲ್ಲಿ ಬರಿಗಾಲಲ್ಲಿ ಅಭ್ಯಾಸಕ್ಕೆ ನಿಂತರು. ಗೊರಾಟಾ ಕಲ್ಲಿನ ಮೇಲೆ ಕಾಲು ಚಾಚಿ ಕೂತು ತಿದ್ದುತ್ತಿದ್ದಳು. ಒದೆ ಹೇಗೆ ಕೊಡಬೇಕೆಂದು ಬಾಯಲ್ಲಿ ಹೇಳಿ ಹೇಳಿ, ತೋರಿಸಲಾಗದೆ, ಎಷ್ಟೋ ಸಲ ಸಿಟ್ಟಿನಿಂದ ಮಣ್ಣಿಗೆ ಗುದ್ದುತ್ತಿದ್ದಳು.

ಬೊಕಾಂಗ್ ವಿಶ್ವ ಚಾಂಪಿಯನ್‌ಷಿಪ್‌ನ ಮೊದಲ ಪಂದ್ಯದಲ್ಲೇ ಸೋತಳು. ಒಳ್ಳೆಯ ಅನುಭವ ಸಿಕ್ಕಿತೆಂದು ಸಂಘ ಹೇಳಿಕೆ ಕೊಟ್ಟಿತು.

ಒಂದು ಶನಿವಾರ ಬೆಳಿಗ್ಗೆ ಬೊಕಾಂಗ್ ಬಸ್ಸಿಳಿದು, ಹೆಗಲಿಗೆ ಚೀಲ ಹಾಕಿಕೊಂಡು ನೇರ ಬಯಲಿಗೇ ಬಂದಳು. ಮಕ್ಕಳು ಅಭ್ಯಾಸ ನಿಲ್ಲಿಸಿ ತಿರುಗಿ ನೋಡಿದರು.

“ಅಕ್ಕಾ, ನನಗೆ ಕಲಿಸ್ತೀಯಾ?”

“ನಿನ್ನ ಮಾವ ಕಲಿಸ್ಲಿಲ್ವಾ?”

“ಅವರು ಕಳಿಸಿದ್ರು, ಕಲಿಸ್ಲಿಲ್ಲ. ಅಲ್ಲಿ ಹೋಗಿ ನಿಂತಾಗ ನನಗೇ ಗೊತ್ತಾಯ್ತು, ಅದು ನನ್ನ ಜಾಗ ಅಲ್ಲ ಅಂತ. ಹೊಡೆತಕ್ಕಿಂತ ಅದೇ ಜಾಸ್ತಿ ನೋವಾಯ್ತು.”

“ಇಲ್ಲಿಗೆ ಬಂದಿದ್ದು ಅವರಿಗೆ ಗೊತ್ತಾ?”

ಬೊಕಾಂಗ್ ತಲೆಯಾಡಿಸಿದಳು. ಇಲ್ಲ.

“ಕದ್ದು ಬಂದವರಿಗೆ ನಾನು ಕಲಿಸಲ್ಲ. ಮೊದಲು ಹೇಳು, ಆಮೇಲೆ ಶೂ ಬಿಚ್ಚು.”

ಸೋದರಮಾವನಿಗೆ ಎದುರಾಡುವುದು ಆ ನಾಡಿನಲ್ಲಿ ಸಣ್ಣ ಮಾತಲ್ಲ. ನಾಳೆ ಅವಳ ಮದುವೆ ಎಂದಾಗ ಮಾತುಕತೆಗೆ ಕೂರಬೇಕಾದವನು ಅವನೇ. ಬೊಕಾಂಗ್ ಚೀಲದಿಂದ ಫೋನು ತೆಗೆದಳು. ಎಲ್ಲರಿಗೂ ಕೇಳುವಂತೆ ಸ್ಪೀಕರಿಗೆ ಹಾಕಿ ಕರೆ ಮಾಡಿದಳು.

“ಮಾವ, ಫಿಕ್ವೆಯಲ್ಲಿದ್ದೀನಿ. ಗೊರಾಟಕ್ಕನ ಹತ್ತಿರ.”

“ಏನಂದೆ? ತಲೆ ಕೆಟ್ಟಿದೆಯೇನೇ? ಈಗಿಂದೀಗ್ಲೇ ಬಸ್ ಹತ್ತು!”

“ಹತ್ತಲ್ಲ ಮಾವ. ಅಕ್ಕನ ಆಪರೇಷನ್ ಯಾವತ್ತು, ಹೇಳಿ. ಅದಾಗೋ ತನಕ ಸಂಘದ ಬಟ್ಟೆ ತೊಡಲ್ಲ ನಾನು.”

ಕರೆ ಕಡಿಯಿತು. ಅವಳು ಮತ್ತೆ ಮಾಡಿದಳು. ಎತ್ತಲಿಲ್ಲ.

ಡಿಟಿರೊ ಜೇಬಿನಿಂದ ತನ್ನ ಫೋನು ತೆಗೆದ. “ಅವನ ನಂಬರ್ ಹೇಳಮ್ಮ, ನಾನೂ ಮಾಡ್ತೀನಿ” ಎಂದ. ಮಕ್ಕಳನ್ನು ಬಿಡಲು ಬಂದಿದ್ದ ಗಣಿಯ ಗಂಡಸರು ತಮ್ಮ ತಮ್ಮ ಫೋನು ತೆಗೆಯುತ್ತಾ ಒಬ್ಬೊಬ್ಬರಾಗಿ ಹತ್ತಿರ ಸರಿದರು. ಬುಟ್ಟಿ ಹೊತ್ತು ಸಂತೆಗೆ ಹೊರಟಿದ್ದ ಮ್ಮಾಗೊರಾಟಾ ಬುಟ್ಟಿ ಇಳಿಸಿ ಅಲ್ಲೇ ಕೂತು, ಕೈ ಒರೆಸಿಕೊಂಡಳು.

“ನನಗೂ ಹಚ್ಚಿಕೊಡ್ರೋ” ಎಂದಳು. “ನನ್ನ ಕೈಯ ಫಾನೆ ತಿಂದು ಹೋಗಿದ್ದಾನೆ. ಅವನು ಎತ್ತೋ ತನಕ ನಾನೇನೂ ಇಲ್ಲಿಂದ ಏಳಲ್ಲ.”