ಬೆನ್ನು ತಿರುಗಿಸಿ ಒಪ್ಪಿಸಿದ ಪಾಠ

ಈ ಕಥೆಯಲ್ಲಿ ಸುಳ್ಳು ಹೇಳಿದವನು ನಾನೊಬ್ಬನೇ. ಎಲ್ಲಿ ಹೇಳಿದೆ, ಯಾರ ದನಿಯಲ್ಲಿ ಹೇಳಿದೆ ಎಂಬುದನ್ನೂ ಮುಂದೆ ನಾನೇ ಒಪ್ಪಿಕೊಳ್ಳುತ್ತೇನೆ. ಆದ್ದರಿಂದ ಮಿಕ್ಕಿದ್ದೆಲ್ಲ ನಿಜವೆಂದು ಓದುಗರು ಧಾರಾಳವಾಗಿ ನಂಬಬಹುದು.

ಕುಮ್ ನದಿಯ ಮೇಲಿನ ಮಂಜುಗಡ್ಡೆ ಒಡೆಯುತ್ತಿದ್ದ ದಿನಗಳಲ್ಲಿ ನಾನು ಅಕ್ಕನ ಮನೆಗೆ ಹೋದೆ. ಪಡಸಾಲೆಯಲ್ಲಿ ಅಕ್ಕನ ಅತ್ತೆ ಕಾಲು ಚಾಚಿ ಕೂತು, ಗುಡ್ಡದ ಪೊದೆಯಿಂದ ಕಡಿದು ತಂದ ಕಡ್ಡಿಗಳನ್ನು ಎರಡು ಗುಂಪು ಮಾಡುತ್ತಿದ್ದರು. ಒರಟಾದವು ಅಂಗಳ ಗುಡಿಸುವ ಪೊರಕೆಗೆ, ಬಳುಕುವಂಥವು ಮೊಮ್ಮಗನ ಕಾಲಿಗೆ. ಎರಡಕ್ಕೂ ಒಂದೇ ಹುರಿ, ಒಂದೇ ಗಂಟು.

“ಹುಷಾರಾಗಿ ಆರಿಸ್ಬೇಕಪ್ಪ,” ಎಂದರು ನನ್ನನ್ನು ಕಂಡು. “ಗಿಣ್ಣಿದ್ರೆ ಚರ್ಮ ಹರಿಯತ್ತೆ. ಪಾಪ, ಎಳೇ ಕಾಲು.”

ಅವರ ಪ್ರೀತಿಯಲ್ಲಿ ನನಗೆ ಸಂದೇಹವಿಲ್ಲ. ಹುಡುಗನನ್ನು ಪಾಠಶಾಲೆಗೆ ಸೇರಿಸಿದರೆ ಅವನ ಜೊತೆ ಛಡಿಯ ಕಟ್ಟನ್ನೂ ಮನೆಯವರೇ ಕಳಿಸುವುದು ನಮ್ಮಲ್ಲಿ ಅಪ್ಪ ಮುತ್ತಜ್ಜರ ಕಾಲದಿಂದ ಬಂದದ್ದು. ವರ್ಷ ಮುಗಿದಾಗ ಆ ಕಟ್ಟು ಹೋದ ಹಾಗೇ ಮರಳಿ ಬಂದರೆ ಮನೆಯವರ ಮುಖ ಸಪ್ಪಗಾಗುತ್ತದೆ. ಮೇಷ್ಟ್ರು ನಮ್ಮ ಹುಡುಗನ ಕೈಬಿಟ್ಟರೇ ಎಂದು ವಿಚಾರಿಸಲು ಕೋಳಿ ಹಿಡಿದುಕೊಂಡು ಹೋಗುತ್ತಾರೆ. ತುದಿ ಸೀಳಿ, ಸವೆದು, ನಡು ಮುರಿದು ಬಂದ ಕಟ್ಟನ್ನಾದರೆ ಬೀದಿಯವರಿಗೆಲ್ಲ ಕಾಣುವಂತೆ ಬಾಗಿಲ ಪಕ್ಕದಲ್ಲಿ ಒರಗಿಸುತ್ತಾರೆ. ಅಕ್ಕನ ಮನೆಯ ಬಾಗಿಲಲ್ಲಿ ಅಂಥ ಮೂರು ಕಟ್ಟುಗಳು ಒರಗಿದ್ದವು. ಕಳೆದ ವರ್ಷದ್ದು ಕಟ್ಟು ಎನ್ನುವ ಹಾಗೂ ಉಳಿದಿರಲಿಲ್ಲ, ಒಲೆಗೆ ಹಾಕುವ ಪುರಳೆ.

ಅಕ್ಕನ ಮಗ ಮನ್‌ಬೋಕನಿಗೆ ಆಗ ಎಂಟು ವರ್ಷ. ಮಾತು ತೊದಲುತ್ತಿತ್ತು. ಮೊದಲ ಅಕ್ಷರ ನಾಲಗೆಯ ತುದಿಯಲ್ಲಿ ಸಿಕ್ಕಿಕೊಂಡರೆ ಬಿಡಿಸಿಕೊಳ್ಳಲು ಅವನಿಗೆ ತುಸು ಹೊತ್ತು ಬೇಕು. ನಮ್ಮ ಪಾಠಶಾಲೆಗಳಲ್ಲಿ ಮಕ್ಕಳಿಗೆ ಎಲ್ಲವನ್ನೂ ಕೊಡುತ್ತಾರೆ, ಹೊತ್ತೊಂದನ್ನು ಬಿಟ್ಟು. ಪುಸ್ತಕವನ್ನು ಮೇಷ್ಟ್ರ ಮುಂದಿಟ್ಟು, ಅವರಿಗೆ ಬೆನ್ನು ತಿರುಗಿಸಿ ಕೂತು, ಹಿಂದಕ್ಕೂ ಮುಂದಕ್ಕೂ ತೂಗುತ್ತ, ಚೀನೀ ಅಕ್ಷರದ ಸಾಲುಗಳನ್ನು ರಾಗವಾಗಿ ಒಪ್ಪಿಸಬೇಕು. ಅರ್ಥ ಕೇಳುವಂತಿಲ್ಲ. ಅರ್ಥವೆನ್ನುವುದು ಮೀಸೆಯ ಹಾಗೆ, ವಯಸ್ಸಿಗೆ ಬಂದಾಗ ತಾನಾಗಿ ಬರುತ್ತದಂತೆ. ನಡುವೆ ನಿಂತರೆ ಷರಾಯಿಯನ್ನು ಮೊಣಕಾಲಿಗೆ ಸುತ್ತಿಕೊಂಡು ಮರದ ದಿಮ್ಮಿಯ ಮೇಲೆ ನಿಲ್ಲಬೇಕು. ಮೀನಖಂಡದ ಮೇಲೆ ಛಡಿ ಬೀಳುತ್ತದೆ.

ಪಾಠ ಬಾರದೆ ನಿಂತ ಹುಡುಗನೂ ನಿಲ್ಲುತ್ತಾನೆ, ಪಾಠ ಬಂದು ನಾಲಗೆ ಹಿಡಿದ ಹುಡುಗನೂ ನಿಲ್ಲುತ್ತಾನೆ. ಬೆನ್ನು ನೋಡಿದರೆ ಇಬ್ಬರೂ ಒಂದೇ. ಹಾಗೆ ಎರಡೂವರೆ ವರ್ಷ ಏಟು ತಿಂದ ಮೇಲೆ, ಹೋದ ಸುಗ್ಗಿಯಿಂದ ಮನ್‌ಬೋಕ ಮಾತಾಡುವುದನ್ನೇ ಬಿಟ್ಟುಬಿಟ್ಟಿದ್ದ. ಮನೆಯಲ್ಲಿಯೂ ಇಲ್ಲ. ಹಸಿವಾದರೆ ಬಂದು ಅವ್ವನ ಸೆರಗು ಎಳೆಯುತ್ತಿದ್ದ. ಅಕ್ಕ ದಿನವೂ ಮಾಚಿಪತ್ರೆ ಅರೆದು ಅವನ ಕಾಲಿಗೆ ಹಚ್ಚುತ್ತಿದ್ದಳು. ಅವಳ ಬೆರಳುಗಳು ಹಸಿರು ಬಣ್ಣಕ್ಕೆ ತಿರುಗಿದ್ದವು. ಅದನ್ನು ತೊಳೆದುಕೊಳ್ಳುವಷ್ಟೂ ಉಮೇದು ಅವಳಲ್ಲಿ ಉಳಿದಂತೆ ಕಾಣಲಿಲ್ಲ.

ಭಾವ ಕಾಲರಾದಲ್ಲಿ ಹೋದ ಮೇಲೆ ಆ ಮನೆಯ ಆಸೆಯೆಲ್ಲ ಈ ಹುಡುಗನ ತಲೆಯ ಮೇಲೆ ಕೂತಿತ್ತು. ಅವನ ಅಜ್ಜ ಕ್ವಾಕ್ ಯಜಮಾನರು ಮೊಮ್ಮಗ ಸರ್ಕಾರದ ದೊಡ್ಡ ಪರೀಕ್ಷೆ ಪಾಸು ಮಾಡಿ ಟೋಪಿಯಲ್ಲಿ ಹೂ ಸಿಕ್ಕಿಸಿಕೊಂಡು ಊರಿಗೆ ಬರುವುದನ್ನು ನೋಡಬೇಕೆಂದಿದ್ದರು. ಆ ಪರೀಕ್ಷೆಯನ್ನು ಸರ್ಕಾರ ನಿಲ್ಲಿಸಿ ಹದಿನೈದು ವರ್ಷವಾಗಿತ್ತು. ಹಾಗೆಂದು ನಾನು ನೆನಪು ಮಾಡಿದೆ. ನಿಂತದ್ದು ಮತ್ತೆ ಶುರುವಾಗಬಾರದೆಂದು ಯಾರೂ ಹೇಳಿಲ್ಲವಲ್ಲ ಎಂದರು.

ನಾನು ಆಗ ಪಟ್ಟಣದ ಹೊಸ ಶಾಲೆಯಲ್ಲಿ ಮೇಷ್ಟ್ರು. ಅಲ್ಲಿ ಎಳೆಯರಿಗೆ ಕೊಡುವ ಮೊದಲ ಪುಸ್ತಕವೊಂದನ್ನು ಚೀಲದಲ್ಲಿ ತಂದಿದ್ದೆ. ನಮ್ಮ ಮಾತಿನದೇ ಲಿಪಿ, ಪುಟಕ್ಕೊಂದು ಚಿತ್ರ. ಯಜಮಾನರು ಉದ್ದನೆಯ ಚಿಲುಮೆಯನ್ನು ಪಕ್ಕಕ್ಕಿಟ್ಟು ಪುಟ ತಿರುವಿದರು.

“ಇದು ಹೆಂಗಸರ ಅಕ್ಷರ. ಮತ್ತೆ ಇದೇನು, ಹಸುವಾ?”

“ಹೌದು ಯಜಮಾನರೇ.”

“ಹಸು ನೋಡೋಕೆ ಪುಸ್ತಕ ಯಾಕಯ್ಯಾ? ನಮ್ಮ ಕೊಟ್ಟಿಗೇಲೇ ಒಂದಿದೆ. ಅದು ಗೊಬ್ಬರಾನೂ ಕೊಡತ್ತೆ.”

ನನಗೆ ನಗು ಬಂತು. ನಕ್ಕದ್ದು ತಪ್ಪಾಯಿತು, ವಾದದಲ್ಲಿ ಅಲ್ಲಿಗೇ ಅರ್ಧ ಸೋತೆ. ಆದರೂ ಹೇಳುವುದನ್ನು ಹೇಳಿದೆ. “ಹುಡುಗನಿಗೆ ಪಾಠ ಬರತ್ತೆ. ನಿಧಾನ ಇರೋದು ನಾಲಗೆ, ತಲೆಯಲ್ಲ. ಹೊಡೆದಷ್ಟೂ ಅದು ಒಳಗೆ ಸೇರ್ಕೊಳ್ಳತ್ತೆ. ನನ್ನ ಶಾಲೆಗೆ ಕಳಿಸಿ.”

“ನನಗೂ ಹೊಡೆದ್ರು. ನನ್ನ ಮಗನಿಗೂ ಹೊಡೆದ್ರು. ಏನಾಗೋಯ್ತು?”

ಮಗನ ಮಾತು ಬಾಯಿಗೆ ಬಂದಮೇಲೆ ಅವರು ಪುಸ್ತಕ ಮುಚ್ಚಿ ನನ್ನ ಕಡೆ ಸರಿಸಿದರು. ಆಮೇಲೆ ಚಿಲುಮೆಯನ್ನು ಮತ್ತೆ ಕೈಗೆತ್ತಿಕೊಂಡು ತೀರ್ಮಾನ ಕೊಟ್ಟರು.

“ಹುಣ್ಣಿಮೆಗೆ ಪುಸ್ತಕ ಮುಗಿದ ಊಟ. ಹಿರಿಯರು ಬರ್ತಾರೆ. ಅವರ ಮುಂದೆ ಮೊದಲಿಂದ ಕೊನೇವರೆಗೂ ಒಪ್ಪಿಸಲಿ, ನಿನ್ನ ಶಾಲೆಗೆ ಕರ್ಕೊಂಡು ಹೋಗು, ಹಸು ಓದಲಿ. ಒಪ್ಪಿಸಲಿಲ್ವಾ, ಈ ಹೊಸ ಕಟ್ಟಿನ ಸಮೇತ ಮೇಷ್ಟ್ರ ಮನೇಲೇ ಬಿಡ್ತೀನಿ. ಬಾಯಿ ಬಿಡೋ ತನಕ ಅಲ್ಲೇ ಬಿದ್ದಿರಲಿ.”

ಮೇಷ್ಟ್ರನ್ನು ಕಂಡು ಬೇಡಿಕೊಳ್ಳೋಣವೆಂದು ಹೋದೆ. ನಮ್‌ಗುಂಗ್ ಮೇಷ್ಟ್ರು ನನಗೂ ಕಲಿಸಿದವರು. ಅವರು ಸೀನುವುದನ್ನೂ, ಸೀನಿದ ಮೇಲೆ ಯಾರು ನಕ್ಕರೆಂದು ಹುಡುಕುವುದನ್ನೂ ಅನುಕರಿಸಿ ತೋರಿಸಿ ನಾನು ಗೆಳೆಯರ ನಗುವನ್ನೂ ಅವರ ಛಡಿಯನ್ನೂ ಧಾರಾಳವಾಗಿ ಸಂಪಾದಿಸಿದ್ದೆ. ಈಗ ಅವರು ಗೋಡೆಗೆ ಒರಗಿ ಬಲಭುಜವನ್ನು ಎಡಗೈಯಲ್ಲಿ ಒತ್ತಿಕೊಳ್ಳುತ್ತಿದ್ದರು. ಹುಡುಗ ತಡವರಿಸಿದಾಗ ಒಂದಿಷ್ಟು ಕಾಯಬಾರದೇ ಎಂದೆ.

“ಹೊಡೆಯೋದು ನಾನಲ್ಲ ತೆಗ್ಯು, ಕಟ್ಟು ಕಳಿಸೋರು. ನಾನು ಬರೀ ಭುಜ,” ಎಂದರು ನನ್ನ ಹೆಸರು ಹಿಡಿದು. “ಆ ಭುಜಾನೂ ಈಗ ಮೇಲೇಳಲ್ಲ. ನಲವತ್ತು ವರ್ಷ ಆಯ್ತಲ್ಲ, ಸಾಕಾಗಿದೆ. ಆದ್ರೂ ನಿಂತೋನ ಹತ್ರ ಕೈ ತಾನಾಗೇ ಹೋಗತ್ತೆ.”

ಮರಳಿ ಬಂದಾಗ ಅಕ್ಕ ಒಲೆಯ ಮುಂದೆ ಕೂತಿದ್ದಳು. ಅವಳ ತೊಡೆಯ ಮೇಲೆ ನನ್ನ ಪುಸ್ತಕ. ಹೆಂಗಸರ ಅಕ್ಷರವಾದ್ದರಿಂದ ಅವಳಿಗೆ ಓದಲು ಬರುತ್ತಿತ್ತು. ಮನ್‌ಬೋಕ ಚಿತ್ರದ ಮೇಲೆ ಬೆರಳಿಡುತ್ತಿದ್ದ, ಅವಳು ಓದುತ್ತಿದ್ದಳು, ಅವನ ತುಟಿಗಳು ದನಿಯಿಲ್ಲದೆ ಅವಳ ಹಿಂದೆ ಆಡುತ್ತಿದ್ದವು. ಕಪ್ಪೆಯ ಪುಟಕ್ಕೆ ಬಂದಾಗ ಅವನು ಅವಳ ಕಿವಿಗೆ ಬಾಯಿಟ್ಟು ಏನೋ ಹೇಳಿದ. ಅಕ್ಕ ಪುಸ್ತಕ ಮುಚ್ಚಲಿಲ್ಲ, ಅಳಲೂ ಇಲ್ಲ.

“ನನ್ನ ಮಗ ಮೂಗ ಅಲ್ಲ ಕಣೋ,” ಎಂದಳು ನನಗೆ. “ಈ ಮನೆಯವರಿಗೆ ಪುರುಸೊತ್ತಿಲ್ಲ, ಅಷ್ಟೆ.”

ಅವಳ ದನಿಯಲ್ಲಿದ್ದ ಆಯಾಸ ನನಗೆ ಸಿಟ್ಟಿಗಿಂತ ಹೆಚ್ಚು ಚುಚ್ಚಿತು. ವಾದದಲ್ಲಿ ಗೆಲ್ಲಲಾರದವನು ಏನು ಮಾಡುತ್ತಾನೆ? ತನಗೆ ಬರುವ ವಿದ್ಯೆಯನ್ನೇ ಹೊರತೆಗೆಯುತ್ತಾನೆ. ನನಗೆ ಬರುತ್ತಿದ್ದದ್ದು ಒಂದೇ, ಇನ್ನೊಬ್ಬರ ದನಿ.

ಹುಣ್ಣಿಮೆಯ ದಿನ ಬೆಳಿಗ್ಗೆ ಎಲ್ಲರಿಗೂ ಹೇಳಿ ಪಟ್ಟಣಕ್ಕೆ ಹೊರಟೆ. ಹಿತ್ತಲಿನಿಂದ ಮರಳಿ ಬಂದೆ. ಅಕ್ಕ ಅಷ್ಟರಲ್ಲಿ ಹಜಾರದ ಮೂಲೆಗೆ ಮಡಚುವ ಮರದ ತೆರೆಯನ್ನು ಎಳೆದಿದ್ದಳು. ಗಾಳಿಗೆ ಅಡ್ಡ ಎಂದು ಅತ್ತೆ ತಾವೇ ಅಂದುಕೊಂಡರಂತೆ. ನಾನು ಅದರ ಹಿಂದೆ ಕುಕ್ಕರಗಾಲಿನಲ್ಲಿ ಕೂತೆ. ಮನ್‌ಬೋಕನಿಗೆ ಹೇಳಿದ್ದು ಇಷ್ಟೇ: ತೆರೆಯ ಕಡೆ ಮುಖ ಮಾಡಿ ತೂಗುತ್ತಿರು, ಬಾಯಿ ಆಡಿಸು, ಮಿಕ್ಕಿದ್ದು ಮಾವನಿಗೆ ಬಿಡು.

ಹಿರಿಯರು ಬಂದರು. ಎಳ್ಳು, ಜೇನು ತುಂಬಿದ ಅಕ್ಕಿ ಕಡುಬು ಬಂತು. ಕಡುಬಿನ ಹಾಗೆ ಮಗುವಿನ ತಲೆಯೂ ತುಂಬಲಿ ಎಂದು ಈ ಊಟಕ್ಕೆ ಅದನ್ನೇ ಮಾಡುತ್ತಾರೆ. ಸಾರು ಬಂತು, ಅಕ್ಕಿ ಕಳ್ಳು ಬಂತು. ಹೊಸ ಛಡಿಯ ಕಟ್ಟನ್ನು ಯಜಮಾನರು ಮೇಷ್ಟ್ರ ಮಂಡಿಯ ಪಕ್ಕಕ್ಕಿಟ್ಟರು. ಮನ್‌ಬೋಕ ಪುಸ್ತಕವನ್ನು ಮೇಷ್ಟ್ರ ಮುಂದಿಟ್ಟು, ಬೆನ್ನು ತಿರುಗಿಸಿ, ನನ್ನ ಕಡೆ ಮುಖ ಮಾಡಿ ಕೂತ. ತೆರೆಯ ಸಂದಿಯಲ್ಲಿ ಅವನ ಕಣ್ಣು ನನಗೆ ಕಾಣುತ್ತಿತ್ತು.

ನಾನು ಎಂಟು ವರ್ಷದ ದನಿ ತೆಗೆದೆ. ಮೊದಲ ನಾಲ್ಕು ಸಾಲು ಪುಸ್ತಕದಲ್ಲಿದ್ದದ್ದನ್ನೇ ಹೇಳಿದೆ. ಹಿರಿಯರು ಒಬ್ಬೊಬ್ಬರಾಗಿ ಕಣ್ಣು ಮುಚ್ಚಿದರು. ಐದನೆಯ ಸಾಲಿನಿಂದ ಶುರುವಾದದ್ದು ನನ್ನ ಸ್ವಂತ ಪುಸ್ತಕ. ರಾಗ ಮಾತ್ರ ಅದೇ, ನಿಲ್ಲುವ ಜಾಗ ಅದೇ, ಎಲ್ಲ ಹುಡುಗರ ಹಾಗೆ ಸಾಲಿನ ಬಾಲವನ್ನು ನುಂಗುವುದೂ ಅದೇ. ಆರನೆಯ ಸಾಲಿಗೆ ಅಜ್ಜನ ಮೀಸೆಯಲ್ಲಿ ಸಾರು ನಿಂತಿದೆ ಎಂದು ರಾಗ ಎಳೆದೆ. ಕಡುಬಿನ ಹೊಟ್ಟೆಯಲ್ಲಿ ಎಳ್ಳು ಕಡಿಮೆ ಎಂದೆ. ಅಜ್ಜಿ ಕಟ್ಟಿದ ಕಡ್ಡಿ, ಮೊಮ್ಮಗನ ಕಾಲಿಗೆ ಕಡ್ಡಿ ಎಂದೆ.

ಯಜಮಾನರು ಚಿಲುಮೆಯಲ್ಲಿ ತಾಳ ಹಾಕುತ್ತಿದ್ದರು. “ಕ್ವಾಕ್ ಮನೆತನದ ಕಂಠ ಕಣ್ರಯ್ಯಾ,” ಎಂದರು ಒಬ್ಬರು. “ಇವನಪ್ಪನಿಗಿಂತ ಸ್ಪಷ್ಟ,” ಎಂದರು ಇನ್ನೊಬ್ಬರು. ಯಜಮಾನರು ತೋಳಿನಿಂದ ಕಣ್ಣೊರೆಸಿಕೊಂಡರು. ಆ ಕ್ಷಣ ನನಗೆ ನಾಚಿಕೆಯಾಯಿತು, ಅದನ್ನೂ ಬರೆದುಬಿಡುತ್ತೇನೆ. ಆದರೆ ಅವರು ಒರೆಸಿಕೊಳ್ಳುತ್ತಿದ್ದದ್ದು ಎಳ್ಳು ಕಡಿಮೆ ಎಂಬ ಮಾತಿಗೆ.

ಮನ್‌ಬೋಕ ತಡೆದುಕೊಂಡ, ತಡೆದುಕೊಂಡ, ಕೊನೆಗೆ ನಕ್ಕುಬಿಟ್ಟ. ಸುಗ್ಗಿಯಿಂದೀಚೆಗೆ ಆ ಮನೆಯಲ್ಲಿ ಎಲ್ಲರಿಗೂ ಕೇಳುವಂತೆ ಬಂದ ಅವನ ಮೊದಲ ದನಿ ಅದು. ನಾನು ಅದನ್ನು ಕೇಳುತ್ತ ಪಾಠ ನಿಲ್ಲಿಸುವುದನ್ನೇ ಮರೆತೆ. ಒಂದೇ ಬಾಯಿಂದ ನಗುವೂ ಪಾಠವೂ ಒಟ್ಟಿಗೆ ಹೊರಟಾಗ ಹಿರಿಯರ ಕಣ್ಣು ತೆರೆಯಿತು. ಯಜಮಾನರು ಎದ್ದು ತೆರೆ ಎಳೆದರು. ಅಲ್ಲಿ ನಾನಿದ್ದೆ, ಕೈಯಲ್ಲಿ ಅರ್ಧ ಕಡುಬು.

ಅವರು ಛಡಿಯ ಕಟ್ಟನ್ನು ಮೇಷ್ಟ್ರ ಕೈಗೆ ತುರುಕಿದರು. “ಇಬ್ಬರಿಗೂ ಕೊಡಿ. ಮೊದಲು ದೊಡ್ಡವನಿಗೆ.”

ಮೇಷ್ಟ್ರು ಒಂದು ಕಡ್ಡಿ ಹಿರಿದುಕೊಂಡರು. “ಕೊಡೋಣ. ಯಾವ ಸಾಲಿಂದ ತಪ್ಪಿದ, ಹೇಳಿ.”

ಯಜಮಾನರು ಪಕ್ಕದವರ ಮುಖ ನೋಡಿದರು. ಪಕ್ಕದವರು ಸಾರಿನ ಬಟ್ಟಲು ನೋಡಿದರು.

“ನನಗೂ ಗೊತ್ತಿಲ್ಲ,” ಎಂದರು ಮೇಷ್ಟ್ರು. “ಎರಡನೇ ಸಾಲಿಗೇ ನನಗೆ ಜೋಂಪು. ಯಾವಾಗಲೂ ಅಷ್ಟೆ.”

ಆಗ ಕೆಳಗಿನಿಂದ ಒಂದು ದನಿ ಎದ್ದಿತು. “ಐ... ಐ...”

ಬೇಗ ಹೇಳು ಎನ್ನಲು ಯಜಮಾನರು ಬಾಯಿ ತೆರೆದರು. ಮೇಷ್ಟ್ರ ಛಡಿ ಮೇಲೆದ್ದಿತು. ಹುಡುಗ ಕಾಲು ಒಳಗೆಳೆದುಕೊಂಡ. ಆದರೆ ಛಡಿಯ ತುದಿ ತಿರುಗಿ ನಿಂತದ್ದು ಯಜಮಾನರ ಎದೆಯ ಕಡೆಗೆ.

“ಇರಿ,” ಎಂದರು ಮೇಷ್ಟ್ರು. “ಕಾಯೋಣ.”

ಕಾದೆವು. “ಐ... ಐದನೇ ಸಾಲು. ಅಲ್ಲಿಂದ ಎಲ್ಲಾ ತ... ತಪ್ಪು,” ಎಂದ ಮನ್‌ಬೋಕ. ಉಸಿರು ಎಳೆದುಕೊಂಡ. “ಮೂ... ಮೂರನೇ ಸಾಲಲ್ಲೂ ಅಕ್ಷರ ಅ... ಅದಲು ಬದಲು. ಮಾವಂಗೆ ಪಾಠ ಬ... ಬರಲ್ಲ.”

ಎಲ್ಲರೂ ನನ್ನನ್ನು ನೋಡಿದರು. ಮೊದಲ ನಾಲ್ಕು ಸಾಲಾದರೂ ಸರಿಯಾಗಿ ಹೇಳಿದೆನೆಂದು ನಾನು ಅಲ್ಲಿಯವರೆಗೆ ನಂಬಿದ್ದೆ.

ಮನ್‌ಬೋಕ ನಮ್ಮ ಕಡೆ ತಿರುಗಿ ಕೂತ. ಬೆನ್ನು ತೋರಿಸಲಿಲ್ಲ, ತೂಗಲಿಲ್ಲ, ರಾಗವನ್ನೂ ಎಳೆಯಲಿಲ್ಲ. ಮೊದಲ ಅಕ್ಷರದಿಂದ ಶುರು ಮಾಡಿದ. ಸಿಕ್ಕಿಕೊಂಡಾಗ ನಿಂತ, ಬಿಡಿಸಿಕೊಂಡು ಮುಂದೆ ಹೋದ. ಸಾರು ತಣ್ಣಗಾಯಿತು, ಕಡುಬು ಒಣಗಿತು. ಮೆಟ್ಟಿಲ ಮೇಲಿದ್ದ ಬಿಸಿಲು ಅಂಗಳ ದಾಟಿ ಕೊಟ್ಟಿಗೆಯ ಗೋಡೆ ಹತ್ತಿತು. ಅಕ್ಕ ಬಾಗಿಲಿಗೆ ಒರಗಿ ನಿಂತಿದ್ದಳು. ಮೇಷ್ಟ್ರು ಮಡಿಲಲ್ಲಿ ಪುಸ್ತಕ ತೆರೆದುಕೊಂಡು ಸಾಲಿನ ಕೆಳಗೆ ಬೆರಳು ಸರಿಸುತ್ತಿದ್ದರು. ಬೆರಳು ಎಲ್ಲಿಯೂ ಹಿಂದಕ್ಕೆ ಬರಲಿಲ್ಲ.

ಮುಗಿದ ಮೇಲೆ ಯಜಮಾನರು ಬಹಳ ಹೊತ್ತು ಹುಡುಗನ ಕಾಲನ್ನೇ ನೋಡುತ್ತಿದ್ದರು. ಆಮೇಲೆ ನನ್ನ ಮುಖ ನೋಡದೆ ಕೇಳಿದರು: “ಆ ಹಸುವಿನ ಪುಸ್ತಕ ಎಲ್ಲಿದೆ?”

ಮೇಷ್ಟ್ರು ಛಡಿಯ ಕಟ್ಟನ್ನು ಅಜ್ಜಿಗೆ ಮರಳಿ ಕೊಟ್ಟರು. “ಇದ್ರಲ್ಲೂ ಪೊರಕೆ ಕಟ್ಟಿ ತಾಯಿ. ಇನ್ನು ಮೇಲೆ ಯಾರ ಮನೆ ಕಟ್ಟನ್ನೂ ತಗೊಳ್ಳಲ್ಲ ನಾನು.”

“ಇವು ಬಳುಕ್ತವೆ, ಪೊರಕೆಗೆ ಬರಲ್ಲ,” ಎಂದರು ಅಜ್ಜಿ.

“ಹಾಗಾದ್ರೆ ಒಲೆಗೆ ಹಾಕಿ.”

ಮೆಟ್ಟಿಲ ಮೇಲೆ ಕೂತು ಹುಲ್ಲಿನ ಚಪ್ಪಲಿ ಹಾಕಿಕೊಳ್ಳುವಾಗ ಮೇಷ್ಟ್ರಿಗೆ ಏನೋ ನೆನಪಾಯಿತು. ಮನ್‌ಬೋಕನನ್ನು ಹತ್ತಿರ ಕರೆದರು. “ಐದನೇ ಸಾಲಲ್ಲಿ ನಿಮ್ಮ ಮಾವ ಏನಂದ?”

ಹುಡುಗ ನನ್ನನ್ನು ನೋಡಿದ. ನಾನು ಬೇಡವೆಂದು ತಲೆಯಾಡಿಸಿದೆ. ಅವನಿಗೆ ಸುಳ್ಳು ಹೇಳಲು ಬರುವುದಿಲ್ಲ.

“ಮೇ... ಮೇಷ್ಟ್ರ ಮೂ... ಮೂಗಿಂದ...” ಎಂದು ಶುರು ಮಾಡಿದ. ಮೇಷ್ಟ್ರು ಒಂದು ಚಪ್ಪಲಿಯನ್ನು ಕೈಯಲ್ಲೇ ಹಿಡಿದುಕೊಂಡು ಕಾದರು. “ಹ... ಹನಿ ಬಿತ್ತು,” ಎಂದ. ಅವರು ಇನ್ನೂ ಕಾದರು. “ಪು... ಪುಸ್ತಕ ಪ... ಪವಿತ್ರವಾಯ್ತು.”

ಹಜಾರದಲ್ಲಿ ಒಂದಿಬ್ಬರು ಕೆಮ್ಮಿದರು. ಅಕ್ಕ ಸೆರಗು ಬಾಯಿಗೆ ಅಡ್ಡ ಹಿಡಿದಳು. ಮೇಷ್ಟ್ರು ಮೂಗಿಗೆ ತೋಳು ಒತ್ತಿ ನೋಡಿಕೊಂಡರು. ತೋಳು ಒದ್ದೆಯಾಗಿತ್ತು. ನೋವಿನ ಭುಜವನ್ನು ಹಿಡಿದುಕೊಂಡು, ಚಪ್ಪಲಿ ಕೆಳಗೆ ಬೀಳಿಸಿ, ಅವರು ನಗಲು ಶುರು ಮಾಡಿದರು. ನಮ್ಮೆಲ್ಲರಿಗಿಂತ ಜೋರಾಗಿ, ನಾವೆಲ್ಲ ನಿಲ್ಲಿಸಿದ ಮೇಲೂ ನಗುತ್ತಲೇ ಇದ್ದರು. ಎಷ್ಟೋ ಜನರ ದನಿ ತೆಗೆದ ನನಗೆ ಆ ನಗುವನ್ನು ಮಾತ್ರ ತೆಗೆಯಲು ಇವತ್ತಿಗೂ ಬಂದಿಲ್ಲ.