ಮಗನ ಉತ್ತರ ಕತ್ತರಿಸಿದ ಸಿನಿಮಾ

ನನ್ನೂರು ಕುಂಬಳೆ. ಜಿಲ್ಲೆ ಕಾಸರಗೋಡು, ರಾಜ್ಯ ಕೇರಳ. ಮನೆಯಲ್ಲಿ ಕನ್ನಡ, ಬಸ್ಸಿನಲ್ಲಿ ಮಲಯಾಳಂ. ಇಷ್ಟು ಹೇಳಿದರೆ ಸಾಕು, ಲಂಡನ್ನಿನ ಇಲ್ಫರ್ಡಿನಲ್ಲಿರುವ ನಮ್ಮ ಕನ್ನಡ ಕೂಟದಲ್ಲಿ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: "ಹಾಗಾದ್ರೆ ನೀವು ಮಲಯಾಳಿನಾ?" ಕೇಳಿ ಕೇಳಿ ನನಗೆ ರೋಸಿಹೋಗಿದೆ.

ಈ ಸಲದ ಸಿನಿಮಾ ದಿನಕ್ಕೆ ನಮ್ಮೂರಿನ ಹುಡುಗಿಯೊಬ್ಬಳು ಮಾಡಿದ ಮಲಯಾಳಂ ಚಿತ್ರ ತೋರಿಸೋಣ ಎಂದೆ. ಮಲಯಾಳಂ ಸಿನಿಮಾದವರ ಒಂದು ಗುಣ ನನಗೆ ಇಷ್ಟ. ಕಥೆ ಯಾವ ಊರಿನದೋ ಆ ಊರಿನ ಮಾತು, ಅಂಗಳ, ಮೀನುಸಾರು ಎಲ್ಲವೂ ಇದ್ದ ಹಾಗೆಯೇ ಬರಬೇಕು ಅವರಿಗೆ. ಹಾಗಾಗಿ ಈ ಚಿತ್ರದಲ್ಲಿ ಬೀಡಿ ಕಟ್ಟುವ ತಾಯಿ ಕನ್ನಡದಲ್ಲೇ ಮಾತಾಡುತ್ತಾಳೆ. ಮಲಯಾಳಂ ಶಾಲೆಯಲ್ಲಿ ಕಲಿತ ಮಗ ಮಲಯಾಳದಲ್ಲೇ ಉತ್ತರಿಸುತ್ತಾನೆ. ಥೇಟ್ ನಮ್ಮೂರಿನ ಮನೆಗಳ ಹಾಗೆ. ನಾನೂ ಕನ್ನಡದವಳೇ ಎನ್ನಲು ಇದಕ್ಕಿಂತ ದೊಡ್ಡ ಸಾಕ್ಷಿ ಬೇಕೆ?

ಕೂಟದ ಅಧ್ಯಕ್ಷ ನಾರಾಯಣಸ್ವಾಮಿ ಒಪ್ಪಲಿಲ್ಲ. "ಕನ್ನಡ ಕೂಟದಲ್ಲಿ ಮಲಯಾಳಂ ಕೇಳಿಸ್ಬಾರ್ದು ರೀ. ಕನ್ನಡ ಇರೋ ಸೀನಷ್ಟೇ ಇಟ್ಕೊಳ್ಳಿ, ಮಿಕ್ಕಿದ್ದು ಕಟ್ ಮಾಡ್ಬಿಡಿ."

ಮೈಯೆಲ್ಲ ಉರಿಯಿತು. ಆದರೂ ಜಗಳಕ್ಕೆ ನಿಲ್ಲಲಿಲ್ಲ. "ಆಯ್ತು ಮಾರಾಯ್ರೆ, ನೀವು ಹೇಳಿದ ಹಾಗೇ," ಎಂದೆ. ಚಿತ್ರ ಮಾಡಿದ ಹುಡುಗಿಗೆ ಫೋನ್ ಮಾಡಿ ಒಪ್ಪಿಗೆ ಕೇಳಿದೆ. ಅವಳು ಬಿದ್ದುಬಿದ್ದು ನಕ್ಕಳು. "ಕತ್ತರಿಸಿ ಅಕ್ಕ, ಮಲಯಾಳಂ ಒಂದಕ್ಷರ ಬಿಡ್ಬೇಡಿ."

ಭಾನುವಾರ ಕೌನ್ಸಿಲ್ ಹಾಲ್ ತುಂಬಿತ್ತು. ಪರದೆಯ ಮೇಲೆ ತಾಯಿ ಕೇಳಿದಳು, "ಊಟ ಮಾಡಿದ್ಯಾ ಮಗಾ?" ಮಗ ಬಾಯಿ ತೆರೆಯುವಷ್ಟರಲ್ಲಿ ಪರದೆ ಕಪ್ಪಾಯಿತು. "ಪೊಲೀಸ್ನವರು ಯಾಕೆ ಬಂದದ್ದು?" ಮತ್ತೆ ಕಪ್ಪು. "ನಿಜ ಹೇಳು, ಅವನಿಗೆ ಹೊಡೆದದ್ದು ನೀನಾ?" ಕಪ್ಪು.

ಜನ ಮೊದಲು ನಕ್ಕರು, ಆಮೇಲೆ ಗೊಣಗಿದರು. ಇಂಗ್ಲಿಷಿನಲ್ಲೇ ಉತ್ತರಿಸುವ ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡಿದ್ದ ತಾಯಂದಿರು ಮಾತ್ರ ಮಕ್ಕಳತ್ತ ತಿರುಗಿ ನೋಡಿದರು.

ನಾರಾಯಣಸ್ವಾಮಿ ದಡದಡ ನನ್ನ ಬಳಿ ಬಂದರು. "ಏನ್ರೀ ನೀರಜಾ ಇದು, ತಮಾಷೆನಾ?"

"ನೀವೇ ಹೇಳಿದ್ದಲ್ವಾ? ಇದರಲ್ಲಿ ಕನ್ನಡ ಮಾತ್ರ ಉಂಟು. ಈಗ ನಾನು ಕನ್ನಡದವಳಾದ್ನಾ?"

"ನಿಲ್ಸಿ ಅದನ್ನ. ಎಲ್ರೂ ಊಟಕ್ಕೆ ಏಳಿ!"

ಮೊದಲ ಸಾಲಿನಲ್ಲಿ ಮಕ್ಕಳಿಬ್ಬರ ನಡುವೆ ಕೂತಿದ್ದ ಅವರ ಹೆಂಡತಿ ವಿಶಾಲಾಕ್ಷಿ ಅಲ್ಲಾಡಲಿಲ್ಲ.

"ನೀವು ಊಟಕ್ಕೆ ಹೋಗಿ," ಎಂದರು ಗಂಡನಿಗೆ. "ಮಗ ಯಾವ ಭಾಷೇಲಾದ್ರೂ ಹೇಳ್ಲಿ, ಅವನೇನಂದ ಅಂತ ಆ ತಾಯಿಗೆ ಕೇಳಿಸ್ಬೇಕು. ನೀರಜಾ, ಮೊದಲಿಂದ ಹಾಕಮ್ಮ. ಪೂರ್ತಿ."