ಬಿಳಿ ಗವಸಿನ ಒಂದು ಬೆರಳು

ಯಾರೋ ಬೀಸುತ್ತಿರುವ ರಟ್ಟಿನ ಬೀಸಣಿಗೆಯ ಗಾಳಿ ಕಿವಿಯ ಹಿಂದೆ ತಾಗುತ್ತಿದೆ, ಅದರ ಜೊತೆ ಕಾಗದದ ಕಾರ್ಖಾನೆಯ ಕೊಳೆತ ಮೊಟ್ಟೆಯ ನಾತ, ಬೊಗಲೂಸಾದಲ್ಲಿ ಹುಟ್ಟಿದವರಿಗೆ ಅದೇ ಮನೆಯ ವಾಸನೆ, ಮತ್ತೆ ಲಿಲ್ಲಿ ಹೂವು, ಲಿಲ್ಲಿ ಅಂದರೆ ಹೆಣದ ಪೆಟ್ಟಿಗೆ, ಪೆಟ್ಟಿಗೆ ಅಂದರೆ ವರ್ನೀಸಕ್ಕ – ಓಡೆಲ್ ಮಗೀ ಆ ಕಡೆ ನೋಡುವುದಿಲ್ಲ, ತನ್ನ ಬೂಟು ನೋಡುತ್ತಾನೆ, ಮೊಸಳೆ ಚರ್ಮದ್ದು, ಕುಣಿತದ ಹಾಲ್‌ಗಳಿಗೆ ಹಾಕಿಕೊಂಡು ಹೋಗುವುದು, ಚರ್ಚಿಗೆ ಬೇರೆ ಬೂಟು ಅವನ ಹತ್ತಿರ ಇಲ್ಲ, ಯಾಕಿರಬೇಕು, ಹದಿನಾರನೇ ವಯಸ್ಸಿನಲ್ಲಿ ಈ ಚರ್ಚಿನಿಂದ ಎದ್ದು ಹೋದವನು ಈಗ ತಲೆ ಪೂರ್ತಿ ಬೆಳ್ಳಗಾದ ಮೇಲೆ ಬಂದಿದ್ದಾನೆ. ಪಾದ್ರಿ ಟಾಲಿವರ್ ವಾಕ್ಯ ಓದುತ್ತಿದ್ದಾರೆ, ಅದಾದ ಮೇಲೆ ಹಾಡು, ಹಾಡು ಅವನದು, ಅಲ್ಲ, ಅಕ್ಕನದು, ಒಂದೇ ಒಂದು ಪದ ಅವನದು, ಆ ಪದವೇ ಈಗ ಗಂಟಲಲ್ಲಿ ಮೀನಿನ ಮುಳ್ಳು. ಆಸ್ಪತ್ರೆಯಿಂದ ಫೋನು ಮಾಡಿದ್ದಳು, ನನ್ನ ಮಣ್ಣಿನ ದಿನ ನೀನೇ ಹಾಡ್ಬೇಕು ಕಣೋ, ನಾನು ಕಟ್ಟಿದ ಹಾಗೇನೇ, ಕರ್ತನೇ, ಅಗಳಿ ಹಾಕಬೇಡ, ನಾನು ಬರ್ತಾ ಇದೀನಿ, ಅಂತ, ಕರ್ತನೇ ಅನ್ನೋ ಕಡೆ ಜೊವೆಟಾ ಗಿವೆಟಾ ಅಂದ್ಯೋ ಪೆಟ್ಟಿಗೆಯಿಂದ ಎದ್ದು ಬಂದು ಕಪಾಳಕ್ಕೆ ಬಿಡ್ತೀನಿ, ದೇವರ ಕುರ್ಚೀಲಿ ಹುಡುಗೀನ ಕೂರಿಸ್ದೋನು ನೀನು. ಕೂರಿಸಿದ್ದು ನಿಜ, ರಾಗ ಅದೇ, ಅಳು ಅದೇ, ಕರ್ತನನ್ನು ಎಬ್ಬಿಸಿ ಜೊವೆಟಾಳನ್ನು ಕೂರಿಸಿ ರೆಕಾರ್ಡು ಮಾಡಿದ, ಈ ಸೀಮೆಯಲ್ಲಿ ರಿದಮ್ ಆಂಡ್ ಬ್ಲೂಸ್ ಎಂಬ ಕುಣಿತದ ಹಾಡು ಹಾಡಿ ಹೊಟ್ಟೆ ಹೊರೆದವರು ಎಷ್ಟೋ ಜನ ಮಾಡಿದ್ದೇ ಅದು, ಕರ್ತನಿಗೂ ಎದ್ದು ಜಾಗ ಬಿಟ್ಟು ಅಭ್ಯಾಸವಾಗಿತ್ತು. ಜೊವೆಟಾ ಅಂತ ಯಾರೂ ಇರಲಿಲ್ಲ, ಆದರೂ ಆ ಹೆಸರಿನ ಆರೇಳು ಹೆಂಗಸರು ಅವಳು ನಾನೇ ಎಂದು ಬಂದರು, ಒಬ್ಬಳು ಗಂಡನನ್ನೂ ಸಾಕ್ಷಿಗೆ ಕರೆದುಕೊಂಡು ಬಂದಿದ್ದಳು. ಪರ್ಲ್ ನದಿಯ ಎರಡೂ ದಂಡೆಯಲ್ಲಿ, ಹ್ಯಾಟಿಸ್‌ಬರ್ಗ್‌ವರೆಗೆ, ಕಾಸು ಹಾಕಿದರೆ ಹಾಡುವ ಜೂಕ್‌ಬಾಕ್ಸುಗಳಲ್ಲಿ ಆ ರೆಕಾರ್ಡು ಇಲ್ಲದ್ದು ಒಂದೂ ಇರಲಿಲ್ಲ, ಅದರಾಚೆ ಕಾಲಿಟ್ಟರೆ ಯಾರಪ್ಪಾ ನೀನು ಅನ್ನುವರು, ಪಿಕಯೂನ್ ಊರಿನ ಹಾಲ್‌ನಲ್ಲಿ ಆ ಹಾಡಿಗೆ ನೆಲದ ಹಲಗೆ ಮುರಿದು ಜನ ಸೊಂಟದವರೆಗೆ ಹೂತುಹೋದರು, ಹೂತಲ್ಲೇ ಕುಣಿದರು, ನಿಲ್ಲಿಸು ಅಂತ ಒಬ್ಬನೂ ಅನ್ನಲಿಲ್ಲ, ಡ್ರಮ್ಮಿನವನೊಬ್ಬ ಮೇಲೇ ಉಳಿದು ತಾನು ಹೂತುಹೋಗಲಿಲ್ಲವಲ್ಲ ಅಂತ ಬೇಜಾರು ಮಾಡಿಕೊಂಡ –

ಅವತ್ತೂ ಅಕ್ಕ ಬಾಗಿಲಲ್ಲಿದ್ದಳು. ಅವನು ಜೊವೆಟಾ ಎಂದು ಹಾಡಿದಾಗಲೆಲ್ಲ, ಯಾವ ಊರಿನ ಯಾವ ಹಾಲ್ ಆಗಲಿ, ಹಿಂದಿನ ಬಾಗಿಲಲ್ಲಿ, ಸಿಗರೇಟಿನ ಹೊಗೆಯ ಆಚೆ, ಬಿಳಿ ಗವಸು, ಎತ್ತಿದ ಒಂದು ಬೆರಳು, ಕಣ್ಣು ಮಿಟುಕಿಸಿದರೆ ಇಲ್ಲ. ನಿಜಕ್ಕೂ ಅಕ್ಕ ಕುಣಿತದ ಹಾಲ್‌ನ ಹೊಸ್ತಿಲು ಎಂದೂ ತುಳಿದವಳಲ್ಲ, ಭಾನುವಾರ ಚರ್ಚಿನ ಬಾಗಿಲು ಕಾಯುವವಳು, ಬಿಳಿ ಉಡುಪು, ಬಿಳಿ ಗವಸು, ಆರಾಧನೆಯ ಮಧ್ಯೆ ಹೊರಗೆ ಹೋಗುವವರು ತೋರುಬೆರಳೆತ್ತಿ ಬಗ್ಗಿ ಹೋಗಬೇಕು, ಕ್ಷಮಿಸಿ, ಈಗ ಬಂದೆ, ಅಂತ ಅರ್ಥ, ಹದಿನಾರರ ಆ ಭಾನುವಾರ ಅವನೂ ಬೆರಳೆತ್ತಿದ್ದ, ಉಚ್ಚೆಗೆ ಅಂದುಕೊಂಡು ಬಾಗಿಲು ತೆಗೆದವಳೂ ಅವಳೇ, ಬೇಗ ಬಾರೋ ಅಂತ ತಾನೂ ಒಂದು ಬೆರಳೆತ್ತಿ ನಕ್ಕಿದ್ದಳು, ಹೊರಗೆ ಬ್ಯಾಂಡಿನವರ ಕಾರು ಗುರ್ ಎನ್ನುತ್ತಾ ನಿಂತಿತ್ತು, ಅವನು ಹತ್ತಿ ಹೋದ, ಹಿಂತಿರುಗಿ ನೋಡಲಿಲ್ಲ, ನೋಡಿದ್ದರೆ ಅವಳ ಬೆರಳು ಇನ್ನೂ ಎತ್ತಿದ ಹಾಗೇ ಇರುತ್ತಿತ್ತು. ಪ್ರತಿ ಕ್ರಿಸ್‌ಮಸ್ಸಿಗೆ ಫೋನಿನಲ್ಲಿ ಅದೇ ಮಾತು, ಇನ್ನೂ ಮುಗೀಲಿಲ್ವೇನೋ ನಿನ್ನ ಉಚ್ಚೆ? ಮುಗೀತಾ ಬಂತಕ್ಕ, ಬರ್ತೀನಿ. ರೆಕಾರ್ಡು ಮಾರುವುದು ನಿಂತುಹೋಯಿತು, ಕುಣಿತದ ಹಾಲ್‌ಗಳು ಮುಚ್ಚಿದವು, ಶುಕ್ರವಾರದ ಸಂಜೆ ಕ್ಯಾಟ್‌ಫಿಶ್ ಮೀನು ಕರಿಯುವ ಹೋಟೆಲಿನಲ್ಲಿ ತಿನ್ನುವವರ ಬೆನ್ನಿಗೆ ಹಾಡಿದ, ಅಲ್ಲಿಯೂ, ಅಡುಗೆಮನೆಯ ಬಾಗಿಲಲ್ಲಿ, ಎಣ್ಣೆಯ ಹೊಗೆಯ ಆಚೆ –

ಆರ್ಗನ್ ಶುರುವಾಯಿತು. ಬ್ರದರ್ ಓಡೆಲ್, ಬನ್ನಿ, ಅಂದರು ಪಾದ್ರಿ. ಏಳುತ್ತಾನೆ, ಮೊಸಳೆ ಬೂಟು ಕಿರುಗುಟ್ಟುತ್ತದೆ, ಮುಂದಿನ ಸಾಲಿನ ಮುದುಕಿ ಒಬ್ಬಳು ಪಕ್ಕದವಳಿಗೆ, ನೋಡೇ, ಜೊವೆಟಾ ಗಂಡ ಬಂದ, ನಗು ಬಂದರೂ ನಗಬಾರದು, ಕರ್ತನೇ, ಕರ್ತನೇ, ಒಳಗೊಳಗೇ ಹೇಳಿಕೊಳ್ಳುತ್ತಾನೆ, ಮೊದಲ ಸಾಲು ಸಲೀಸಾಗಿ ಹೋಯಿತು, ಎರಡನೆಯದೂ, ಜನ ತಲೆದೂಗುತ್ತಿದ್ದಾರೆ, ಈಗ ಆ ಪದ, ಬಾಯಿ ತೆರೆದರೆ ನಾಲಿಗೆಯ ತುದಿಯಲ್ಲಿ ಜೊವೆಟಾ ಕಾಲು ಚಾಚಿ ಕೂತಿದ್ದಾಳೆ, ಅರ್ಧ ಶತಮಾನದ ಬಾಡಿಗೆದಾರಳು, ಏಳು ಅಂದರೆ ಏಳುತ್ತಾಳೆಯೇ, ಕಣ್ಣು ತಪ್ಪಿಸಲು ಪಕ್ಕಕ್ಕೆ ನೋಡಿದ – ತೆರೆದ ಪೆಟ್ಟಿಗೆ. ಹೆಣ ಸಿಂಗರಿಸುವ ಡಾರ್ನೆಲ್ ಬೆಳಿಗ್ಗೆ ಹೇಳಿದ್ದ, ಗವಸು ಹಾಕಿ ಎಲ್ಲಾ ಬೆರಳೂ ಮಡಚಿದೀನಿ ಅಂಕಲ್, ಈ ತೋರುಬೆರಳೊಂದು ಮಾತ್ರ ಕೇಳ್ತಾ ಇಲ್ಲ, ಸಂಧಿವಾತ ಇತ್ತಲ್ಲ, ಹೂವು ಮುಚ್ಚಿದೀನಿ ಬಿಡಿ, ಕಾಣ್ಸಲ್ಲ. ಹೂವು ಜಾರಿದೆ. ಆರ್ಗನ್ ಅದೇ ಸ್ವರ ಹಿಡಿದು ಕಾಯುತ್ತಿದೆ, ಬಾಯಿಂದ ಬಂದದ್ದು ಕರ್ತನೂ ಅಲ್ಲ ಜೊವೆಟಾಳೂ ಅಲ್ಲ, ವರ್ನೀಸ್, ವರ್ನೀಸ್, ಅಗಳಿ ಹಾಕಬೇಡ, ನಾನು ಬರ್ತಾ ಇದೀನಿ, ಹಿಂದಿನಿಂದ ಯಾರೋ ಹಾಡಪ್ಪಾ, ನಿಧಾನ, ನಿಧಾನ ಅಂದರು, ಮುಂದಿನ ಸಾಲು ಬರುತ್ತಿಲ್ಲ, ಬಾಗಿಲಲ್ಲಿ ಈಗ ಯಾರೂ ಇಲ್ಲ, ಲಿಲ್ಲಿಯ ನಡುವೆ, ಈಗ ಬಂದೆ ಅಂತ, ಬಿಳಿ ಗವಸು, ಒಂದು ಬೆರಳು, ಬಿಳಿ ಗವಸು, ಎತ್ತಿದ ಒಂದು –